ಟೆಂಪರ್ಡ್ ಕಿರಿನ್ ಮುಂದೆ ನಿಂತುಹೋದ ಒಂದು ಬಿಲ್ಡ್: ಪ್ರಕರಣ ಅಧ್ಯಯನ

ಇದು 2019ರ ಮಳೆಗಾಲದಲ್ಲಿ ತೀರ್ಥಹಳ್ಳಿ ಕಡೆಯ ಒಂದು ಹಳ್ಳಿಮನೆಯಲ್ಲಿ ನಡೆದದ್ದು. ಆಟ ಮಾನ್‌ಸ್ಟರ್ ಹಂಟರ್: ವರ್ಲ್ಡ್, ದೈತ್ಯ ಪ್ರಾಣಿಗಳನ್ನು ಬೇಟೆಯಾಡುವ ವಿಡಿಯೊ ಗೇಮ್, ಆಡಿದ್ದು ಪಿಸಿಯಲ್ಲಿ. ಅದರ ದೊಡ್ಡ ವಿಸ್ತರಣೆ ಐಸ್‌ಬೋರ್ನ್ ಪಿಸಿಗೆ ಬಂದದ್ದು 2020ರ ಜನವರಿಯಲ್ಲಿ, ಹಾಗಾಗಿ ಇಲ್ಲಿರುವ ಸ್ಕಿಲ್‌ಗಳ ಅಂಕಿಗಳೆಲ್ಲ ಅದಕ್ಕಿಂತ ಮುಂಚಿನ ಮೂಲ ಆಟದವು. ಆಡಿದವನನ್ನು ಪುಟ್ಟ ಅಂತ ಕರೆಯೋಣ, ಅದು ಅವನ ನಿಜವಾದ ಹೆಸರಲ್ಲ. ಸಂಬಂಧದಲ್ಲಿ ನನಗೆ ತಮ್ಮ ಆಗಬೇಕು, ಮನೆಯಲ್ಲಿ ಅಡಿಕೆ ತೋಟ ಇದೆ. ಅವನನ್ನು ಕೇಳಿಯೇ ಬರೆಯುತ್ತಿದ್ದೇನೆ. "ಬರಿ ಅಣ್ಣ, ಆದರೆ ಎಷ್ಟು ಸಲ ಸತ್ತೆ ಅಂತ ಮಾತ್ರ ಬರೀಬೇಡ" ಅಂದ. ಆ ಲೆಕ್ಕ ಬರೆಯುವುದಿಲ್ಲ.

ಹಿನ್ನೆಲೆ

ಪುಟ್ಟ ಕಥೆಯನ್ನೆಲ್ಲ ಗ್ರೇಟ್ ಸ್ವೋರ್ಡ್ ಅನ್ನುವ ಭಾರದ ಕತ್ತಿ ಹಿಡಿದೇ ಮುಗಿಸಿದ್ದ. ಕೈ ಚೆನ್ನಾಗಿತ್ತು. ನೆರ್ಗಿಗಾಂಟೆ ಅನ್ನುವ ದೊಡ್ಡ ಡ್ರ್ಯಾಗನ್ನನ್ನು ಒಬ್ಬನೇ ಹೊಡೆದಿದ್ದ, ಟಿಯೊಸ್ಟ್ರಾ ಕೂಡ. ಆಮೇಲೆ ಎಲ್ಲರೂ ಮಾಡುವ ಹಾಗೆ ಹೆಚ್ಚು ಡ್ಯಾಮೇಜ್ ಕೊಡುವ ಬಿಲ್ಡ್ ಒಂದನ್ನು, ಅಂದರೆ ಆಯುಧ, ಆರ್ಮರ್, ಸ್ಕಿಲ್‌ಗಳ ಜೋಡಣೆಯನ್ನು, ಇಂಟರ್‌ನೆಟ್‌ನಲ್ಲಿ ಹುಡುಕಿ, ಅದನ್ನೇ ನಕಲು ಮಾಡಿ ಹಾಕಿಕೊಂಡ. ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ 3 (ಮೆದು ಜಾಗಕ್ಕೆ ಹೊಡೆದಾಗ ಕ್ರಿಟಿಕಲ್, ಅಂದರೆ ಹೆಚ್ಚು ಬಲದ ಏಟು, ಬೀಳುವ ಸಾಧ್ಯತೆ ಏರಿಸುವುದು), ಕ್ರಿಟಿಕಲ್ ಬೂಸ್ಟ್ 3 (ಆ ಏಟಿನ ಬಲ ಏರಿಸುವುದು), ಫೋಕಸ್ 3 (ಕತ್ತಿ ಬೇಗ ಚಾರ್ಜ್ ಆಗುವುದು), ಅಟ್ಯಾಕ್ ಬೂಸ್ಟ್ 7, ಉಳಿದ ಜಾಗಕ್ಕೆ ಕ್ರಿಟಿಕಲ್ ಐ 4 (ಎಲ್ಲಿ ಹೊಡೆದರೂ ಕ್ರಿಟಿಕಲ್ ಸಾಧ್ಯತೆ ಏರಿಸುವುದು). ಹೆಸರಿನ ಮುಂದಿನ ಅಂಕಿ ಆ ಸ್ಕಿಲ್‌ನ ಹಂತ. ಈ ಅಟ್ಯಾಕ್ ಬೂಸ್ಟ್ 7 ಆಗಿದ್ದು ಹೇಗೆ ಅಂದರೆ ಚಾರ್ಮ್ ಅನ್ನುವ ತಾಯಿತದಿಂದ ಮೂರು, ಆರ್ಮರ್‌ನಿಂದ ಒಂದು, ಇನ್ನು ಮೂರು, ಆರ್ಮರ್‌ನ ಸ್ಲಾಟ್‌ಗಳಲ್ಲಿ ಕೂರಿಸುವ ಅಟ್ಯಾಕ್ ಜ್ಯುವೆಲ್‌ಗಳಿಂದ. ಆ ಜ್ಯುವೆಲ್ ಸುಲಭಕ್ಕೆ ಸಿಗುವಂಥದ್ದಲ್ಲ. ಇಂಥ ಡೆಕರೇಷನ್‌ಗಳು ಬರುವುದೇ ಅದೃಷ್ಟದ ಮೇಲೆ, ಅದರಲ್ಲೂ ಅಟ್ಯಾಕ್ ಜ್ಯುವೆಲ್ ಅಪರೂಪ. ಮೂರೂ ಸಿಕ್ಕಾಗ ನನಗೆ ಸ್ಕ್ರೀನ್‌ಶಾಟ್ ಕಳಿಸಿದ್ದ. ಇದು ನೆನಪಿರಲಿ, ಮುಂದೆ ಅವನನ್ನು ಕಟ್ಟಿಹಾಕಿದ್ದು ಇದೇ.

ಆರ್ಮರ್‌ನ ಡಿಫೆನ್ಸ್ ಏರಿಸುವ ಗೋಲಿ, ಅಂದರೆ ಆರ್ಮರ್ ಸ್ಪಿಯರ್, ಮಾತ್ರ ಖರ್ಚು ಮಾಡುತ್ತಿರಲಿಲ್ಲ. ಹೇಗೂ ಈ ಸೆಟ್ ಬದಲಾಗುತ್ತೆ, ಈಗ್ಯಾಕೆ ದಂಡ ಅಂತ. ಡಿಫೆನ್ಸ್ 290ರ ಆಸುಪಾಸಿನಲ್ಲಿ ನಿಂತಿತ್ತು.

ಗೋಡೆ

ಹಂಟರ್ ರ‍್ಯಾಂಕ್ 49ಕ್ಕೆ ಬಂದಾಗ ಆಟ ನಿಮ್ಮನ್ನು ತಡೆದು ನಿಲ್ಲಿಸುತ್ತೆ. ಕೋರಲ್ ಹೈಲ್ಯಾಂಡ್ಸ್‌ನಲ್ಲಿ ಒಂದು ಟೆಂಪರ್ಡ್ ಕಿರಿನ್, ಅಂದರೆ ಮಾಮೂಲಿಗಿಂತ ಬಲಿಷ್ಠವಾದ ಕಿರಿನ್, ಹೊಡೆಯಬೇಕು, ಅಲ್ಲಿಯವರೆಗೆ ರ‍್ಯಾಂಕ್ ಮೇಲೆ ಹೋಗುವುದಿಲ್ಲ, ಪಾಯಿಂಟ್ ಮಾತ್ರ ಒಳಗೊಳಗೇ ಕೂಡುತ್ತಾ ಇರುತ್ತೆ. ಆಡಿದವರಿಗೆ ಗೊತ್ತು, ಕಿರಿನ್ ಅಂದರೆ ನೋಡೋಕೆ ಕೊಂಬಿರುವ ಬಿಳಿ ಕುದುರೆ, ಉಳಿದ ಡ್ರ್ಯಾಗನ್‌ಗಳ ಪಕ್ಕ ನಿಲ್ಲಿಸಿದರೆ ಕರುವಿನಷ್ಟೂ ಕಾಣುವುದಿಲ್ಲ. ಆದರೆ ಸಿಡಿಲು ಮೈಗೇರಿಸಿಕೊಂಡ ಮೇಲೆ ಅದರ ಚರ್ಮ ಗಟ್ಟಿಯಾಗುತ್ತೆ, ತಲೆ ಬಿಟ್ಟು ಬೇರೆಲ್ಲಿ ಹೊಡೆದರೂ ಕತ್ತಿ ಠಣ್ ಅಂತ ವಾಪಸ್ ಚಿಮ್ಮುತ್ತೆ. ಆ ಚಿಮ್ಮಿದ ಕ್ಷಣದಲ್ಲಿ ನೀವು ಅಲ್ಲಾಡುವ ಹಾಗಿಲ್ಲ. ಅಷ್ಟರಲ್ಲಿ ತಲೆ ಮೇಲೆ ಸಿಡಿಲು.

ಮೂರು ಸಲ ಬಿದ್ದರೆ ಕ್ವೆಸ್ಟ್ ಫೇಲ್. ಪ್ರತಿ ಸಲವೂ ಬೆಕ್ಕುಗಳು ಗಾಡಿಯಲ್ಲಿ ಎಳೆದುಕೊಂಡು ಬಂದು ಕ್ಯಾಂಪಿನಲ್ಲಿ ಸುರಿದು ಹೋಗುತ್ತವೆ, ಅದಕ್ಕೇ ಅದನ್ನು ಕಾರ್ಟ್ ಅನ್ನುವುದು. ಪುಟ್ಟನ ಮೊದಲ ಪ್ರಯತ್ನಗಳು ಹತ್ತು ನಿಮಿಷ ದಾಟುತ್ತಲೇ ಇರಲಿಲ್ಲ. ಮೊದಲ ಕಾರ್ಟ್ ಹೇಗೋ ಒಂದಷ್ಟು ಹೊತ್ತು ತಳ್ಳುತ್ತಿತ್ತು, ಎರಡನೆಯದೂ ಮೂರನೆಯದೂ ಬೆನ್ನುಬೆನ್ನಿಗೆ ಆಗಿಬಿಡುತ್ತಿದ್ದವು. ಇದಕ್ಕೆ ಕಾರಣ ಇದೆ: ಊಟ ಮಾಡಿ ಹೋದರೆ ಹೆಲ್ತ್ 150, ಕಾರ್ಟ್ ಆದ ಮೇಲೆ ಊಟದ 50 ಹೋಗಿ 100ಕ್ಕೆ ಇಳಿಯುತ್ತೆ. 150 ಇದ್ದಾಗಲೇ ಉಳಿಯದವನು 100ರಲ್ಲಿ ಉಳಿಯುತ್ತಾನಾ? ಕ್ಯಾಂಪಿನಿಂದ ಹೊರಡುವ ಮುಂಚೆ ಒಂದು ಮ್ಯಾಕ್ಸ್ ಪೋಷನ್ ಕುಡಿದರೆ ಆ ಮಟ್ಟ ವಾಪಸ್ ಬರುತ್ತೆ. ಪುಟ್ಟ ಅದನ್ನು ಕೊನೇ ಗಳಿಗೆಗೆ ಅಂತ ಚೀಲದಲ್ಲೇ ಇಟ್ಟುಕೊಂಡು ಸಾಯುತ್ತಿದ್ದ.

ಮೊದಲು ಮಾಡಿದ್ದು

ಮೊದಲ ಉಪಾಯ, ಜನ ಸೇರಿಸುವುದು. ಶಿವಮೊಗ್ಗದಲ್ಲಿ ನಮ್ಮ ಭಾವ ಒಬ್ಬರು ಇದ್ದಾರೆ, ಹ್ಯಾಮರ್ ಆಡುತ್ತಾರೆ, ಕಿರಿನ್ ತಲೆಗೇ ಕುಟ್ಟುವುದರಲ್ಲಿ ಪಳಗಿದವರು. "ಭಾವ, ಒಂದು ಗಂಟೆ ಬಿಡುವು ಮಾಡ್ಕೊಂಡು ಬನ್ನಿ" ಅಂತ ಕರೆದ. ಅವರೂ ಬಂದರು. ಆ ಆಗಸ್ಟ್‌ನ ಮಳೆ ಗೊತ್ತಲ್ಲ, ತುಂಗೆ ಉಕ್ಕಿ ಹರಿಯುತ್ತಿತ್ತು, ಊರಲ್ಲಿ ಮರ ಬೀಳದ ದಿನವೇ ಇರಲಿಲ್ಲ. ಪುಟ್ಟನ ಇಂಟರ್‌ನೆಟ್ ಅಂದರೆ ಮೊಬೈಲ್ ಹಾಟ್‌ಸ್ಪಾಟ್, ಅದೂ ಅಟ್ಟದ ಕಿಟಕಿಯಲ್ಲಿ ಫೋನ್ ಇಟ್ಟರೆ ಮಾತ್ರ. ಬೇಟೆ ಮಧ್ಯ ಸಂಪರ್ಕ ಕಡಿಯಿತು.

ಆಗಿನ ಆಟದಲ್ಲಿ ಒಂದು ಕೆಟ್ಟ ಲೆಕ್ಕ ಇತ್ತು. ಒಬ್ಬರಿಂದ ಇಬ್ಬರಾದ ಕೂಡಲೇ ಪ್ರಾಣಿಯ ಹೆಲ್ತ್ ನಾಲ್ಕು ಜನರ ಲೆಕ್ಕಕ್ಕೆ ಏರುತ್ತಿತ್ತು, ಜೊತೆಗಾರ ಕಡಿದುಹೋದರೂ ಇಳಿಯುತ್ತಿರಲಿಲ್ಲ. ಐಸ್‌ಬೋರ್ನ್ ಬಂದ ಮೇಲೆ ಇದನ್ನು ಸರಿ ಮಾಡಿದರು. ಆದರೆ ಆ ದಿನ ಪುಟ್ಟನ ಎದುರು ನಿಂತದ್ದು ನಾಲ್ಕು ಜನಕ್ಕಾಗಿ ಕಟ್ಟಿದ ಕಿರಿನ್, ಈ ಕಡೆ ಅವನೊಬ್ಬನೇ. ಆಮೇಲೂ ಪ್ರಯತ್ನ ಮಾಡಿದರು. ಸಂಪರ್ಕ ಗಟ್ಟಿ ಇದ್ದಾಗಲೂ ಭಾವ ಉಳಿಯುತ್ತಿದ್ದರು, ಮೂರೂ ಕಾರ್ಟ್ ಪುಟ್ಟನದ್ದೇ. ಕಾರ್ಟ್ ಲೆಕ್ಕ ಇಡೀ ತಂಡಕ್ಕೆ ಒಂದೇ ಅಲ್ವಾ, ಭಾವನಿಗೂ ಬೇಜಾರಾಯಿತು, ಇವನಿಗೆ ಅದಕ್ಕಿಂತ ಜಾಸ್ತಿ ನಾಚಿಕೆ.

ಎರಡನೆಯದು, ಪೂರ್ತಿ ಉಲ್ಟಾ ಹೊಡೆದದ್ದು. ಅಟ್ಯಾಕ್ ಸೆಟ್ಟನ್ನೇ ಪೆಟ್ಟಿಗೆಗೆ ಹಾಕಿ ಬರೀ ರಕ್ಷಣೆಯ ಸೆಟ್ ಕಟ್ಟಿದ. ಡಿಫೆನ್ಸ್ ಬೂಸ್ಟ್, ಡಿವೈನ್ ಬ್ಲೆಸ್ಸಿಂಗ್, ಹೆಲ್ತ್ ಬೂಸ್ಟ್, ಪೋಷನ್ ಬೇಗ ಕುಡಿಯುವ ಸ್ಪೀಡ್ ಈಟಿಂಗ್, ಹೆಲ್ತ್ ಬೇಗ ತುಂಬಿಸುವ ಸ್ಕಿಲ್‌ಗಳು. ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ ಹೋಯಿತು, ಫೋಕಸ್ ಕೂಡ ಹೋಯಿತು. ಈಗ ಸಾಯುವುದು ಕಡಿಮೆ ಆಯಿತು ನಿಜ. ಆದರೆ ಕಿರಿನ್ ಕೂಡ ಸಾಯಲಿಲ್ಲ. ಫೋಕಸ್ ಇಲ್ಲದ ಗ್ರೇಟ್ ಸ್ವೋರ್ಡ್ ಚಾರ್ಜ್ ಆಗುವುದು ನಿಧಾನ, ಕಿರಿನ್ ಒಂದು ಕಡೆ ನಿಲ್ಲುವ ಪೈಕಿಯಲ್ಲ, ಕತ್ತಿ ಬೀಳುವ ಹೊತ್ತಿಗೆ ಅದು ಆಚೆ ಹಾರಿರುತ್ತಿತ್ತು. 50 ನಿಮಿಷದ ಗಡುವು ಮುಗಿದು ಕ್ವೆಸ್ಟ್ ಹೋಯಿತು. ಇನ್ನೊಮ್ಮೆ ಗಡುವಿಗೆ ಮೊದಲೇ ಕರೆಂಟ್ ಹೋಯಿತು, ಇನ್ವರ್ಟರ್ ಬರೀ ದೀಪಕ್ಕೆ ಹಾಕಿದ್ದು, ಕಂಪ್ಯೂಟರ್‌ಗಲ್ಲ. ಈ ಆಟದಲ್ಲಿ ಬೇಟೆ ಮಧ್ಯ ಸೇವ್ ಇಲ್ಲ. ಫೋನ್ ಮಾಡಿ "ಅಣ್ಣ, ಇದು ನನ್ನ ಕೈಲಿ ಆಗೋದಲ್ಲ" ಅಂದ.

ನನ್ನ ಅಭಿಪ್ರಾಯದಲ್ಲಿ ತುಂಬಾ ಜನ ಕಳೆದುಹೋಗುವುದು ಇಲ್ಲೇ. ಅಟ್ಯಾಕ್ ಸೆಟ್ ಸೋತರೆ ಡಿಫೆನ್ಸ್ ಸೆಟ್, ಅದೂ ಸೋತರೆ ವಾಪಸ್ ಅಟ್ಯಾಕ್ ಸೆಟ್. ಯಾವುದರಿಂದ ಸತ್ತೆ ಅಂತ ನೋಡದೆ ಸೆಟ್ ಬದಲಾಯಿಸುತ್ತಾ ಹೋದರೆ ಊಹೆ ಮೇಲೆ ಊಹೆ, ಅಷ್ಟೆ.

ಚೀಟಿಯ ಹಿಂದೆ ಬರೆದದ್ದು

ಅಟ್ಯಾಕ್ ಸೆಟ್ಟನ್ನೇ ಮತ್ತೆ ಹಾಕಿ, ಗೆಲ್ಲುವ ಆಸೆ ಬಿಟ್ಟು, ಒಂದಷ್ಟು ಬೇಟೆ ರೆಕಾರ್ಡ್ ಮಾಡು ಅಂದೆ. ಸುಮ್ನೆ ನೋಡೋಣ, ಬಿದ್ದದ್ದು ಹೇಗೆ ಅಂತ. ಅವನು ವಿಡಿಯೊ ಪೆನ್ ಡ್ರೈವ್‌ಗೆ ಹಾಕಿಕೊಂಡು ಶಿವಮೊಗ್ಗಕ್ಕೆ ಬಂದ, ಹೇಗೂ ಮಂಡಿಗೆ ಬರುವ ಕೆಲಸ ಇತ್ತು. ಇಬ್ಬರೂ ಕೂತು ನೋಡಿದೆವು. ಬರೆಯಲು ಕೈಗೆ ಸಿಕ್ಕಿದ್ದು ಅಡಿಕೆ ಮಂಡಿಯ ಹಳೇ ಚೀಟಿ, ಅದರ ಹಿಂದೆ ಎರಡು ಕಂಬ ಎಳೆದೆವು: ಬೀಳುವ ಮುಂಚಿನ ಏಟು ಯಾವುದು, ಕೊಂದ ಏಟು ಯಾವುದು.

ಎರಡು ಕಂಬ ಎಳೆದದ್ದೇ ಒಳ್ಳೆಯದಾಯಿತು. ಬರೀ ಕೊಂದ ಏಟು ಬರೆದಿದ್ದರೆ "ಸಿಡಿಲು, ಸಿಡಿಲು, ಸಿಡಿಲು" ಅಂತ ಬರೆದು ಏಳುತ್ತಿದ್ದೆವು. ಮೊದಲ ಕಂಬ ಬೇರೆ ಕಥೆ ಹೇಳಿತು. ಒಂದೇ ಏಟಿಗೆ ಪೂರ್ತಿ ಹೆಲ್ತ್‌ನಿಂದ ಸೊನ್ನೆಗೆ ಹೋದದ್ದೂ ಇತ್ತು, ಮುಖ್ಯವಾಗಿ ಎರಡನೇ ಕಾರ್ಟ್‌ನ ಮೇಲೆ, 100 ಹೆಲ್ತ್ ಇದ್ದಾಗ. ಆದರೆ ಹೆಚ್ಚಿನವು ಹಾಗಿರಲಿಲ್ಲ. ಮೊದಲು ಸಣ್ಣ ಸಿಡಿಲು ತಾಗುತ್ತಿತ್ತು, ಬದುಕುತ್ತಿದ್ದ. ಆಗ ಥಂಡರ್‌ಬ್ಲೈಟ್ ಅನ್ನುವ ಸಿಡಿಲಿನ ಸೋಂಕು ಅಂಟಿಕೊಳ್ಳುತ್ತಿತ್ತು. ಥಂಡರ್‌ಬ್ಲೈಟ್ ಇದ್ದಾಗ ಸ್ಟನ್ ಬೇಗ ಆಗುತ್ತೆ. ಮುಂದಿನ ಏಟಿಗೆ ತಲೆ ಸುತ್ತಿ ನಿಲ್ಲುತ್ತಿದ್ದ, ಅದಾದ ಮೇಲಿನ ಏಟಿಗೆ ಕಾರ್ಟ್. ಒಂದು ವಿಡಿಯೊದಲ್ಲಂತೂ ನಲ್‌ಬೆರಿ ತಿನ್ನಲು ಕತ್ತಿ ಬೆನ್ನಿಗೆ ಹಾಕಿದ, ತಿಂದಿದ್ದರೆ ಬ್ಲೈಟ್ ಹೋಗುತ್ತಿತ್ತು, ಬಾಯಿಗೆ ಹಾಕುವ ಹೊತ್ತಿಗೆ ಕಿರಿನ್ ಬಂದು ಗುದ್ದಿತು.

ಇನ್ನೊಂದು ವಿಷಯ ಕಣ್ಣಿಗೆ ಬಿತ್ತು. ಬೇಟೆಯ ಅರ್ಧಕ್ಕಿಂತ ಜಾಸ್ತಿ ಹೊತ್ತು ಅವನ ಕತ್ತಿ ಬೆನ್ನ ಮೇಲೇ ಇತ್ತು. ಓಡುವುದು, ಪೋಷನ್ ಕುಡಿಯುವುದು, ನಲ್‌ಬೆರಿ, ಮತ್ತೆ ಓಡುವುದು. ಅಟ್ಯಾಕ್ ಬೂಸ್ಟ್ 7 ಇದ್ದರೂ ಆಗ ಅದು ಮಾಡುವ ಕೆಲಸ ಏನೂ ಇಲ್ಲ.

ಆಮೇಲೆ ಸ್ಟೇಟಸ್ ಪುಟ ತೆಗೆಸಿದೆ. ಥಂಡರ್ ರೆಸಿಸ್ಟೆನ್ಸ್, ಅಂದರೆ ಸಿಡಿಲನ್ನು ತಡೆಯುವ ಶಕ್ತಿ, ಮೈನಸ್ 6. ಪುಟ್ಟ ಆ ಸಾಲನ್ನು ಯಾವತ್ತೂ ನೋಡಿರಲಿಲ್ಲ. ತುಂಬಾ ಜನ ನೋಡುವುದಿಲ್ಲ, ಯಾಕೆಂದರೆ ನಕಲು ಮಾಡುವ ಬಿಲ್ಡ್‌ಗಳ ಚಿತ್ರದಲ್ಲಿ ಸ್ಕಿಲ್ ಪಟ್ಟಿ ಇರುತ್ತೆ, ರೆಸಿಸ್ಟೆನ್ಸ್ ಇರುವುದಿಲ್ಲ. ಈ ಆಟದಲ್ಲಿ ಒಂದು ಧಾತುವಿನ ರೆಸಿಸ್ಟೆನ್ಸ್ 20 ಮುಟ್ಟಿದರೆ ಅದರ ಬ್ಲೈಟ್ ಅಂಟುವುದೇ ಇಲ್ಲ. 19ಕ್ಕೆ ಅಂಟುತ್ತೆ, 20ಕ್ಕೆ ಇಲ್ಲ. ಥಂಡರ್ ರೆಸಿಸ್ಟೆನ್ಸ್ ಸ್ಕಿಲ್ ಮೂರನೇ ಹಂತಕ್ಕೆ ಬಂದರೆ ಪ್ಲಸ್ 20 ಕೊಡುತ್ತೆ.

ಏನು ಕೊಟ್ಟು ಏನು ತಗೊಳ್ಳುವುದು

ಇಲ್ಲಿಂದ ಮುಂದೆ ಚೌಕಾಸಿ. ಥಂಡರ್ ರೆಸಿಸ್ಟೆನ್ಸ್ ಜ್ಯುವೆಲ್ ಒಂದನೇ ದರ್ಜೆಯ ಸ್ಲಾಟ್‌ಗೆ ಹಿಡಿಯುತ್ತೆ. ಹೆಲ್ತ್ ಬೂಸ್ಟ್‌ನ ವೈಟಾಲಿಟಿ ಜ್ಯುವೆಲ್ ಕೂಡ ಒಂದನೇ ದರ್ಜೆ, ಸ್ಟನ್ ರೆಸಿಸ್ಟೆನ್ಸ್‌ನದ್ದೂ ಅಷ್ಟೇ. ತಮಾಷೆ ಅಂದರೆ ಅಟ್ಯಾಕ್ ಜ್ಯುವೆಲ್ ಮತ್ತು ಕ್ರಿಟಿಕಲ್ ಐ ಜ್ಯುವೆಲ್ ಕೂತಿದ್ದೂ ಅದೇ ಸ್ಲಾಟ್‌ಗಳಲ್ಲಿ. ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್, ಫೋಕಸ್, ಕ್ರಿಟಿಕಲ್ ಬೂಸ್ಟ್ ಎರಡನೇ ದರ್ಜೆಯವು, ಅವನ್ನು ಮುಟ್ಟಬೇಕಾಗಿಲ್ಲ. ಅಂದರೆ ಬದುಕುವ ಸ್ಕಿಲ್‌ಗಳ ಜಗಳ ಇದ್ದದ್ದು ಅಟ್ಯಾಕ್ ಬೂಸ್ಟ್‌ನ ಕೊನೇ ಮೂರು ಹಂತ ಮತ್ತು ಕ್ರಿಟಿಕಲ್ ಐ ಜೊತೆ ಮಾತ್ರ.

ಪುಟ್ಟ ಒಪ್ಪಲಿಲ್ಲ. ಆ ಮೂರು ಅಟ್ಯಾಕ್ ಜ್ಯುವೆಲ್ ತೆಗೆಯುವುದು ಅಂದರೆ ಅವನಿಗೆ ಸಂಕಟ. ಸರಿ, ಲೆಕ್ಕ ಹಾಕಿ ನೋಡೋಣ ಅಂದೆ.

ಗ್ರೇಟ್ ಸ್ವೋರ್ಡ್‌ನ ಅಟ್ಯಾಕ್ 960 ಅಂತ ಆಟ ತೋರಿಸಿದರೆ ಒಳಗಿನ ನಿಜವಾದ ಅಂಕಿ 200. ತೋರಿಸುವುದನ್ನು 4.8ರಿಂದ ಭಾಗಿಸಬೇಕು, ಆಯುಧದ ಬಗೆ ನೋಡಿ ಈ ಭಾಜಕ ಬದಲಾಗುತ್ತೆ. ಅಟ್ಯಾಕ್ ಬೂಸ್ಟ್ 7 ಆ 200ಕ್ಕೆ 21 ಸೇರಿಸುತ್ತೆ, 4 ಆದರೆ 12. ಶೇ. 5ರ ಅಫಿನಿಟಿ (ಕ್ರಿಟಿಕಲ್ ಬೀಳುವ ಸಾಧ್ಯತೆ) ನಾಲ್ಕನೇ ಹಂತದಲ್ಲೇ ಬಂದಿರುತ್ತೆ, ಮೇಲಿನ ಮೂರು ಹಂತಕ್ಕೆ ಸಿಗುವುದು ಬರೀ 9. 221 ಇದ್ದದ್ದು 212 ಆಗುತ್ತೆ, ಶೇ. 4ರಷ್ಟು ನಷ್ಟ. ಇನ್ನು ಕ್ರಿಟಿಕಲ್ ಐ 4 ಅಂದರೆ ಶೇ. 15 ಅಫಿನಿಟಿ. ತಲೆಗೆ ಹೊಡೆದಾಗ ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್‌ನ 50, ಅಟ್ಯಾಕ್ ಬೂಸ್ಟ್‌ನ 5 ಸೇರಿ ಒಟ್ಟು 70. ಕ್ರಿಟಿಕಲ್ ಬೂಸ್ಟ್ 3 ಇರುವುದರಿಂದ ಪ್ರತಿ ಕ್ರಿಟಿಕಲ್‌ಗೆ ಶೇ. 40 ಹೆಚ್ಚು, ಸರಾಸರಿ 1.28 ಪಟ್ಟು. ಕ್ರಿಟಿಕಲ್ ಐ ಪೂರ್ತಿ ತೆಗೆದರೆ 1.22. ಎರಡೂ ನಷ್ಟ ಸೇರಿಸಿದರೆ ಶೇ. 9ರ ಹತ್ತಿರ.

ಅದಕ್ಕೆ ಬದಲಾಗಿ ಬರುವುದು? ಹೆಲ್ತ್ ಬೂಸ್ಟ್ 3ರಿಂದ 50 ಹೆಲ್ತ್, ಊಟ ಸೇರಿ 200. ಬ್ಲೈಟ್ ಇಲ್ಲ. ಕತ್ತಿ ಬೆನ್ನ ಮೇಲಿರುವ ಹೊತ್ತು ಸ್ವಲ್ಪ ಇಳಿದರೂ ಶೇ. 9 ಎಲ್ಲಿ ಹೋಯಿತು ಅಂತ ಗೊತ್ತಾಗುವುದಿಲ್ಲ.

ಡಿಫೆನ್ಸ್ ಲೆಕ್ಕವನ್ನೂ ಮಾಡಿದೆವು. ಏಟಿನ ಎಷ್ಟು ಭಾಗ ತಾಗುತ್ತೆ ಅನ್ನುವುದಕ್ಕೆ ಸೂತ್ರ ಸರಳ: 80ನ್ನು, ಡಿಫೆನ್ಸ್‌ಗೆ 80 ಕೂಡಿಸಿ ಬಂದದ್ದರಿಂದ ಭಾಗಿಸಿ. ಡಿಫೆನ್ಸ್ 290ರಲ್ಲಿ ಶೇ. 21.6 ತಾಗುತ್ತೆ, 350ರಲ್ಲಿ ಶೇ. 18.6. ಅಂಕಿ ಹತ್ತಿರ ಹತ್ತಿರ ಕಂಡರೂ ಏಟು ಶೇ. 14ರಷ್ಟು ಕಡಿಮೆ ಆಯಿತು. ಧಾತುವಿನ ಪಾಲು ಬಿಟ್ಟು ಹೇಳುವುದಾದರೆ, ಮೊದಲು 160 ತೆಗೆದು ಕೊಲ್ಲುತ್ತಿದ್ದ ಏಟು ಈಗ 138 ತೆಗೆಯುತ್ತೆ, 200ರಲ್ಲಿ ಇನ್ನೂ 62 ಉಳಿಯುತ್ತೆ. ಇದಕ್ಕೆ ಸ್ಕಿಲ್ ಬೇಡ, ಸ್ಲಾಟ್ ಬೇಡ, ಪೆಟ್ಟಿಗೆಯಲ್ಲಿ ಕೂಡಿಟ್ಟ ಸ್ಪಿಯರ್ ಸಾಕು. ಸ್ಪಿಯರ್ ಉಳಿಸುವ ಅಭ್ಯಾಸ ನನಗೆ ಯಾವತ್ತೂ ಅರ್ಥವಾಗಿಲ್ಲ.

ಕೊನೆಗೆ ಅವನ ತಲೆಗೆ ಇಳಿದದ್ದು ನನ್ನ ಲೆಕ್ಕದಿಂದಲ್ಲ. ಚೀಟಿ ನೋಡುತ್ತಾ ಕೂತವನು ತಾನೇ ಹೇಳಿದ: "ಬೋರ್ಡೋ ಥರ ಅಲ್ವಾ ಅಣ್ಣ. ನೂರು ಲೀಟರ್ ನೀರಿಗೆ ಒಂದು ಕೇಜಿ ಮೈಲುತುತ್ತು, ಒಂದು ಕೇಜಿ ಸುಣ್ಣ. ಕೊಳೆ ಜೋರಾಗಿದೆ ಅಂತ ಬರೀ ಮೈಲುತುತ್ತು ಸುರಿದ್ರೆ ಗೊನೆನೇ ಸುಟ್ಟುಹೋಗುತ್ತೆ." ಕೊಳೆರೋಗಕ್ಕೆ ಔಷಧಿ ಹೊಡೆಯುವ ಕಾಲವೇ ಆಗಿತ್ತಲ್ಲ, ಅದೇ ಅವನಿಗೆ ಹೊಳೆಯಿತು.

ಒಂದು ಕಡೆ ಮಾತ್ರ ನಮ್ಮಿಬ್ಬರಿಗೆ ಒಮ್ಮತ ಆಗಲಿಲ್ಲ. ಸ್ಟನ್ ರೆಸಿಸ್ಟೆನ್ಸ್ 3 ಹಾಕಿದರೆ ಸ್ಟನ್ ಆಗುವುದೇ ಇಲ್ಲ, ಸರಪಳಿ ಅಲ್ಲೇ ಕಡಿಯುತ್ತೆ, ಮೂರೇ ಸ್ಲಾಟ್, ಬೂಟು ಬದಲಾಯಿಸುವ ತಲೆನೋವೂ ಇಲ್ಲ ಅನ್ನುವುದು ನನ್ನ ವಾದ. ಪುಟ್ಟ ಥಂಡರ್ ರೆಸಿಸ್ಟೆನ್ಸ್ ಹಿಡಿದ. ಅವನ ಕಾರಣ ಗಟ್ಟಿಯಾಗಿತ್ತು: ಸ್ಟನ್ ನಿಂತರೂ ಸಿಡಿಲಿನ ಏಟು ಮೈನಸ್ 6ರಲ್ಲೇ ಬೀಳುತ್ತಾ ಇರುತ್ತೆ, ರೆಸಿಸ್ಟೆನ್ಸ್ ಏರಿಸಿದರೆ ಬ್ಲೈಟೂ ಇಲ್ಲ, ಏಟಿನ ಸಿಡಿಲಿನ ಪಾಲೂ ಇಳಿಯುತ್ತೆ. ಮೈನಸ್ 6ಕ್ಕೆ 20 ಸೇರಿಸಿದರೆ 14, ಸಾಲದು. ಆದ್ದರಿಂದ ಕ್ರಿಟಿಕಲ್ ಐ ಇದ್ದ ಬೂಟು ಬಿಚ್ಚಿ, ಸಾಮಾನ್ಯ ಕಿರಿನ್ ಹೊಡೆದು ಅದರ ಸೆಟ್‌ನ ಬೂಟು ಮಾಡಿಸಿದ. ಮೊತ್ತ ಸೊನ್ನೆಯ ಮೇಲೆ ಬಂತು, ಮೂರು ಜ್ಯುವೆಲ್ ಹಾಕಿದ ಕೂಡಲೇ 20 ದಾಟಿತು. ತರಕಾರಿ ತಟ್ಟೆ ಊಟ ಮಾಡಿದರೂ ರೆಸಿಸ್ಟೆನ್ಸ್ ಏರುತ್ತೆ, ಅದನ್ನು ನಂಬಬೇಡ, ಊಟದ ಆಸರೆ ಇಲ್ಲದೆಯೇ 20 ಇರಲಿ ಅಂದೆ, ಅದಕ್ಕೆ ಒಪ್ಪಿದ. ಕತ್ತಿ, ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್, ಫೋಕಸ್, ಕ್ರಿಟಿಕಲ್ ಬೂಸ್ಟ್ ಇದ್ದ ಹಾಗೇ ಉಳಿದವು.

ಆಮೇಲೆ

ಹೊಸ ಸೆಟ್‌ನ ಮೊದಲ ಬೇಟೆಯೂ ಫೇಲ್ ಆಯಿತು. ಆದರೆ ಬೇರೆ ರೀತಿಯ ಫೇಲ್. ಬದುಕುತ್ತೇನೆ ಅನ್ನುವ ಧೈರ್ಯಕ್ಕೆ, ಸಿಡಿಲು ಮೈಗೇರಿದ ಕಿರಿನ್ ಪಕ್ಕೆಗೇ ಹೋಗಿ ಹೋಗಿ ಹೊಡೆದ. ಕತ್ತಿ ಚಿಮ್ಮಿತು, ಸಿಕ್ಕಿಬಿದ್ದ. ಹಾಗೆ ಮೈಗೆ ಹೊಡೆದಾಗ ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ ಕೆಲಸವನ್ನೇ ಮಾಡುವುದಿಲ್ಲ, ಅದು ಮೆದು ಜಾಗಕ್ಕೆ ಮಾತ್ರ. ಶೇ. 50 ಅಫಿನಿಟಿ ಅಲ್ಲೇ ಸೊನ್ನೆ. ಬಿಲ್ಡ್‌ನ ಅರ್ಧ ಬಲ ತಲೆ ಮೇಲೆ ನಿಂತಿದೆ ಅಂತ ಗೊತ್ತಾದ ಮೇಲೆ ಆಡುವ ರೀತಿ ಬದಲಾಯಿತು. ಕಿರಿನ್ ಸಿಡಿಲು ಏರಿಸಿಕೊಂಡರೆ ದೂರ ನಿಂತು ಕತ್ತಿ ಮಸೆಯುವುದು, ಪೋಷನ್ ಕುಡಿಯುವುದು. ಸಿಡಿಲು ಬೀಳಿಸಿ ಒಂದು ಗಳಿಗೆ ನಿಲ್ಲುತ್ತಲ್ಲ, ಆಗ ತಲೆ ಎದುರಿಗೆ ಹೋಗಿ ಚಾರ್ಜ್ ಮಾಡಿದ ಒಂದೇ ಏಟು, ಮತ್ತೆ ಉರುಳಿ ಆಚೆ. ಎರಡನೇ ಏಟಿನ ಆಸೆ ಇಲ್ಲ.

ಗೆದ್ದ ಬೇಟೆಯ ವಿಡಿಯೊ ನನ್ನ ಹತ್ತಿರ ಇದೆ. ಅರ್ಧ ಗಂಟೆಗೂ ಸ್ವಲ್ಪ ಜಾಸ್ತಿ, ಒಂದು ಕಾರ್ಟ್. ಕಾರ್ಟ್ ಆದ ಕೂಡಲೇ ಟೆಂಟ್ ಬಿಡುವ ಮೊದಲೇ ಮ್ಯಾಕ್ಸ್ ಪೋಷನ್ ಕುಡಿದದ್ದು ಕಾಣುತ್ತೆ. ಒಂದು ಕಡೆ ಎದುರೆದುರೇ ಏಟು ತಿನ್ನುತ್ತಾನೆ, ಹೆಲ್ತ್ ಕಾಲು ಭಾಗಕ್ಕೆ ಇಳಿಯುತ್ತೆ, ಬ್ಲೈಟ್ ಇಲ್ಲ, ಎದ್ದವನೇ ಉರುಳಿ ತಪ್ಪಿಸಿಕೊಳ್ಳುತ್ತಾನೆ. ಹಳೇ ಸೆಟ್ ಆಗಿದ್ದರೆ ಅಲ್ಲಿಗೆ ಮುಗಿದಿತ್ತು. ಕ್ವೆಸ್ಟ್ ಮುಗಿಯುತ್ತಿದ್ದ ಹಾಗೆ ಅಷ್ಟು ದಿನ ಕೂಡಿಟ್ಟ ಪಾಯಿಂಟ್‌ಗಳು ಒಮ್ಮೆಲೇ ಬಂದು ರ‍್ಯಾಂಕ್ ಟಕಟಕ ಅಂತ ಏರಿತು.

ಗೆದ್ದ ಮೇಲೆ ಅವನು ಮಾಡಿದ್ದು ಇನ್ನೂ ಒಳ್ಳೆಯ ಕೆಲಸ ಅಂತ ನನಗನ್ನಿಸುತ್ತೆ. ಈ ಸೆಟ್ಟನ್ನೇ ಎಲ್ಲ ಕಡೆ ಹಾಕಿಕೊಂಡು ಹೋಗಲಿಲ್ಲ. ಡಯಾಬ್ಲೊಸ್ ಅನ್ನುವ ಪ್ರಾಣಿಯ ಮುಂದೆ ಥಂಡರ್ ರೆಸಿಸ್ಟೆನ್ಸ್ ಇಟ್ಟುಕೊಂಡು ಏನು ಮಾಡುವುದು, ಅಲ್ಲಿ ಬೇಕಾದದ್ದು ಅದರ ಕೂಗಿಗೆ ಕಿವಿ ಮುಚ್ಚಿ ನಿಂತುಬಿಡದ ಹಾಗೆ ತಡೆಯುವ ಇಯರ್‌ಪ್ಲಗ್ಸ್. ಆಟದಲ್ಲಿ ಸೆಟ್‌ಗಳನ್ನು ಲೋಡ್‌ಔಟ್ ಆಗಿ ಉಳಿಸಿಡಬಹುದು. ಅದರಲ್ಲಿ ಬುಡ ಒಂದೇ ಇಟ್ಟುಕೊಂಡ: ಎರಡನೇ ದರ್ಜೆಯ ಸ್ಲಾಟ್‌ಗಳ ಸ್ಕಿಲ್‌ಗಳು ಮತ್ತು ಹೆಲ್ತ್ ಬೂಸ್ಟ್ 3. ಉಳಿದ ಸಣ್ಣ ಸ್ಲಾಟ್‌ಗಳನ್ನು ಮಾತ್ರ ಪ್ರಾಣಿ ನೋಡಿ ಬದಲಾಯಿಸುತ್ತಾನೆ. ಸುಲಭದ ಬೇಟೆಗೆ ಆ ಮೂರು ಅಟ್ಯಾಕ್ ಜ್ಯುವೆಲ್ ವಾಪಸ್ ಬರುತ್ತವೆ.

ಭಾವ ಇದನ್ನು ಪೂರ್ತಿ ಒಪ್ಪಿಲ್ಲ. ಹ್ಯಾಮರ್ ಹಿಡಿದವನಿಗೆ ಇಷ್ಟೆಲ್ಲ ಬೇಡ, ತಲೆಗೆ ಕುಟ್ಟಿ ಕಿರಿನ್‌ಗೇ ಸ್ಟನ್ ಮಾಡಿದರೆ ಆಯಿತು ಅನ್ನುತ್ತಾರೆ. ಅವರ ಕೈಗೆ ಅದು ನಿಜವೂ ಹೌದು.

ಐಸ್‌ಬೋರ್ನ್ ಆಡುವವರು ಇಲ್ಲಿನ ಅಂಕಿಗಳನ್ನು ಹಾಗೇ ಎತ್ತಿಕೊಳ್ಳಬೇಡಿ. ಅಲ್ಲಿ ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ 3 ಮೆದು ಜಾಗಕ್ಕೆ ಶೇ. 30 ಮಾತ್ರ ಕೊಡುತ್ತೆ, ಕ್ಲಚ್ ಕ್ಲಾ ಅನ್ನುವ ಕೊಕ್ಕೆಯಿಂದ ಆ ಜಾಗವನ್ನು ಹದ ಮಾಡಿಕೊಂಡರೆ 50. ಕ್ರಿಟಿಕಲ್ ಐ ಏಳನೇ ಹಂತಕ್ಕೆ 30 ಇದ್ದದ್ದು 40 ಆಗಿದೆ. ಅಂದರೆ ಕ್ರಿಟಿಕಲ್ ಐ ತೆಗೆಯುವ ಬೆಲೆ ಅಲ್ಲಿ ಹೆಚ್ಚು, ನಾವು ಹಾಕಿದ ಶೇ. 9ರ ಲೆಕ್ಕ ಅಲ್ಲಿ ಹೊಂದುವುದಿಲ್ಲ. ಪುಟ್ಟ ಅಲ್ಲಿಗೆ ಹೋದಾಗ ಲೆಕ್ಕವನ್ನು ಮೊದಲಿಂದ ಹಾಕಿದ, ಈ ಸಲ ಚೀಟಿಯಲ್ಲಿ ಮೂರು ಕಂಬ ಇತ್ತು: ಮುಂಚಿನ ಏಟು, ಕೊಂದ ಏಟು, ಆಗ ಕತ್ತಿ ಎಲ್ಲಿತ್ತು.